ಸಾಣಾಪುರದ ತೆಪ್ಪ, ವಾಲಿಯ ಕತೆ: ಹತ್ತುವ ಮುನ್ನ ತಿಳಿದಿರಲಿ

ಗಂಗಾವತಿ: ಊರಿಗೆ ಬಂದ ಬೀಗರನ್ನ ಸಾಣಾಪುರಕ್ಕೋ ಆನೆಗೊಂದಿಗೋ ಕರ್ಕೊಂಡು ಹೋಗಿ ತೆಪ್ಪ ಹತ್ತಿಸೋದು ತಾಲ್ಲೂಕಿನಲ್ಲಿ ಹೊಸದಲ್ಲ. ಆದರೆ ಯಾವ ನೀರಿನ ಮೇಲೆ ಕೂತಿದ್ದೇವೆ ಅನ್ನೋದು ಗೊತ್ತಿರಬೇಕು.

ಸಾಣಾಪುರ ಕೆರೆಗೆ ನೀರು ಬರೋದು ತುಂಗಭದ್ರಾ ಎಡದಂಡೆ ಕಾಲುವೆಯಿಂದ. ಡ್ಯಾಂಗಿಂತ ಬಹಳ ಮೊದಲಿನವು ವಿಜಯನಗರ ಕಾಲುವೆಗಳು: ಹುಲಿಗಿ, ಶಿವಪುರ, ಆನೆಗೊಂದಿ, ಗಂಗಾವತಿ ಮೇಲಿನ ಹಾಗೂ ಕೆಳಗಿನ ಕಾಲುವೆ. ತೆಪ್ಪವೂ ಅಷ್ಟೇ ಹಳೆಯದು. ಬುಟ್ಟಿಯಂಥ ಈ ದೋಣಿ ಗರಗರ ತಿರುಗುತ್ತಲೇ ಆನೆಗೊಂದಿಯಲ್ಲಿ ಜನರನ್ನು ಹೊಳೆ ದಾಟಿಸುವುದನ್ನು 1520ರ ಸುಮಾರಿಗೆ ಬಂದಿದ್ದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯೆಸ್ ಬರೆದಿಟ್ಟಿದ್ದಾನೆ. ಆಗ ಚರ್ಮದ ಹೊದಿಕೆ, ಈಗ ಪ್ಲಾಸ್ಟಿಕ್ ಮತ್ತು ಡಾಂಬರು.

ಹುಟ್ಟು ಹಾಕುವವರನ್ನು ಕೇಳಿದರೆ ವಾಲಿಯ ಕತೆ ಶುರುವಾಗುತ್ತೆ. ರಾಕ್ಷಸನ ಬೆನ್ನಟ್ಟಿ ವಾಲಿ ಗವಿ ಹೊಕ್ಕ. ಒಳಗಿಂದ ರಕ್ತ ಹರಿದು ಬಂತು. ಅಣ್ಣ ಸತ್ತನೆಂದು ಸುಗ್ರೀವ ಗವಿಬಾಯಿಗೆ ಬಂಡೆ ಮುಚ್ಚಿ ಓಡಿದ. ಹೊಳೆಯಾಚೆ ನಿಂಬಾಪುರದ ಬೂದಿದಿಬ್ಬ ವಾಲಿಯ ಚಿತೆಯದ್ದೇ ಅಂತಾರೆ ಹಿರಿಯರು. ಸಂಜೆ ಹೊತ್ತಲ್ಲಿ ಕೇಳಿದರೆ ಮೈ ಜುಂ ಅನ್ನುತ್ತೆ.

ಆದರೆ ನಿಜವಾಗಿ ಹೆದರಬೇಕಾದ್ದು ನೀರಿಗೆ. ಡ್ಯಾಂ ಗೇಟ್ ತೆರೆದಾಗ ಹೊಳೆಯ ಸೆಳವು ತೆಪ್ಪಕ್ಕೆ ತಡೆಯೋದಲ್ಲ. ನೀರು ಕಡಿಮೆ ಇದ್ದಾಗಲೂ ಬಂಡೆ ಸಂದಿಯ ಸೆಳವು ಮೇಲಿಂದ ಕಾಣಲ್ಲ. 2025ರ ಫೆಬ್ರುವರಿಯಲ್ಲಿ ಸಾಣಾಪುರದ ಬಳಿ ಹೊಳೆಗೆ ಜಿಗಿದ ಪ್ರವಾಸಿಯೊಬ್ಬರು ಜೀವ ಕಳೆದುಕೊಂಡರು.

ಹಾಗಾಗಿ ಲೈಫ್ ಜಾಕೆಟ್ ಇಲ್ಲದೆ ತೆಪ್ಪ ಹತ್ತಬೇಡಿ. ದರ ಮೊದಲೇ ಕೇಳಿ. ಹೊಳೆಗೆ ನೀರು ಬಿಟ್ಟ ದಿನ ದಂಡೆಯಿಂದಲೇ ನೋಡಿ ವಾಪಸ್ ಬನ್ನಿ. ಹೊರಗಿನವರು ದಾರಿ ಕೇಳಿದಾಗ ಅಂಗಡಿ, ಹೋಟೆಲಿನವರು ಇಷ್ಟು ಹೇಳಿ ಕಳಿಸಿದರೂ ಒಂದು ಜೀವ ಉಳಿದೀತು.