ನಿಮಗಿದು ಗೊತ್ತೆ? ಗ್ರೀಕರ ದುರಂತ ನಾಟಕವೂ ಜಾತ್ರೆಯ ಆಟವೇ!

ಬಾದಾಮಿ ಬಳಿಯ ಚೊಳಚಗುಡ್ಡದ ಬನಶಂಕರಿ ಜಾತ್ರೆಗೂ ಗ್ರೀಕ್ ದುರಂತ ನಾಟಕಕ್ಕೂ ಒಂದು ಹೋಲಿಕೆ ಇದೆ. ಎರಡೂ ಕಡೆ ದೇವರ ಉತ್ಸವವೇ ರಂಗಭೂಮಿ!

ಬನದ ಹುಣ್ಣಿಮೆಗೆ ತೇರು ಎಳೆದ ಮೇಲೂ ಇಲ್ಲಿ ನಾಟಕ ಕಂಪನಿಗಳ ಟೆಂಟುಗಳಲ್ಲಿ ವಾರಗಟ್ಟಲೆ ಆಟ ನಡೆಯುತ್ತದೆ. ಸುಮಾರು 2,500 ವರ್ಷಗಳ ಹಿಂದೆ ಅಥೆನ್ಸಿನ ಜನ ನಾಟಕ ನೋಡುತ್ತಿದ್ದದ್ದು ಡಯೊನೈಸಸ್ ದೇವರ ವಸಂತೋತ್ಸವದಲ್ಲಿ.

ಅಲ್ಲಿ ನಾಟಕವೆಂದರೆ ಪಂದ್ಯ. ಕಣದಲ್ಲಿ ಮೂವರು ಕವಿಗಳು. ಒಬ್ಬೊಬ್ಬರದೂ ಮೂರು ದುರಂತ ನಾಟಕ, ಕೊನೆಗೊಂದು ನಗೆಯಾಟ. ತೀರ್ಪುಗಾರರನ್ನು ಆರಿಸುತ್ತಿದ್ದದ್ದು ಚೀಟಿ ಎತ್ತಿ. ಮಾತಾಡುವ ನಟರು ಮೂವರೇ. ಮುಖವಾಡ ಬದಲಿಸಿದರೆ ರಾಜನೇ ದೂತ, ದೂತನೇ ರಾಣಿ. ಹೆಣ್ಣು ಪಾತ್ರವೂ ಗಂಡಸರದೇ.

ಇಂಥ ಕವಿಗಳಲ್ಲಿ ಒಬ್ಬನಾದ ಸೊಫೊಕ್ಲಿಸ್ ಈ ಉತ್ಸವದಲ್ಲಿ 18 ಸಲ ಗೆದ್ದ. ಇನ್ನೊಬ್ಬ ಕವಿ ಯೂರಿಪಿಡೀಸನಿಗೆ ಆ ಅದೃಷ್ಟವಿರಲಿಲ್ಲ. ಇಂದು ಜಗತ್ತೆಲ್ಲ ಆಡುವ ಅವನ ‘ಮೀಡಿಯಾ’ ಕ್ರಿ.ಪೂ. 431ರಲ್ಲಿ ಮೊದಲ ಸಲ ರಂಗಕ್ಕೆ ಬಂದಾಗ ಅವನಿಗೆ ಸಿಕ್ಕಿದ್ದು ಮೂರನೆಯ, ಅಂದರೆ ಕಡೆಯ ಸ್ಥಾನ!

ಸೊಫೊಕ್ಲಿಸ್ ಕನ್ನಡಕ್ಕೂ ಬಂದಿದ್ದಾನೆ. ಅವನ ‘ಅಜಾಕ್ಸ್’ ನಾಟಕವನ್ನು ಮಹಾಭಾರತದ ಕಥೆಗೆ ಒಗ್ಗಿಸಿ ಬಿ.ಎಂ.ಶ್ರೀ ಬರೆದದ್ದೇ ‘ಅಶ್ವತ್ಥಾಮನ್’ (1929).