ಪಹರೆಯವನ ಕಾಲಬುಡದಲ್ಲೇ ಹೆಣಗಳು!

ರೋಣ, ನರಗುಂದ, ಗಜೇಂದ್ರಗಡದ ಓದುಗರೇ, ಒಂದು ಸವಾಲು! ಒಬ್ಬನೇ ಮನುಷ್ಯ ಎಷ್ಟು ಕೊಲೆ ಒಪ್ಪಿಕೊಂಡಿರಬಹುದು? ಹತ್ತು? ಐವತ್ತು? ಇನ್ನೂ ಮೇಲೆ ಹೋಗಿ! ಉತ್ತರ ಈಗಲೇ ಹೇಳುವುದಿಲ್ಲ.

ಮೊದಲು ಪೊಲೀಸನನ್ನು ನೋಡಿ. ಫಿಲಿಪ್ ಮೆಡೋಸ್ ಟೇಲರ್. ಸುರಪುರದಲ್ಲಿ ಟೇಲರ್ ಮಂಜಿಲ್ ಇದೆಯಲ್ಲ, ಅದೇ ಟೇಲರ್! 1824ರಲ್ಲಿ ಮುಂಬೈಗೆ ಬಂದಿಳಿದಾಗ ಇನ್ನೂ ಹದಿನೈದರ ಪೋರ. ಇಪ್ಪತ್ತರ ಆಸುಪಾಸಿನಲ್ಲೇ ನಿಜಾಮನ ಸೀಮೆಯಲ್ಲಿ ಪೊಲೀಸ್ ಅಧಿಕಾರಿ! ದಾರಿಹೋಕರ ಕೊಲೆಗಳ ಜಾಡು ಹಿಡಿದ. ಅಷ್ಟರಲ್ಲೇ ಪಡೆಗೆ ಮರಳಲು ಹುಕುಂ ಬಂತು! ಆ ಕೊಲೆಗಾರ ಠಕ್ಕರನ್ನು ಬಯಲಿಗೆಳೆದ ಕೀರ್ತಿ ಸ್ಲೀಮನ್ ಎಂಬ ಇನ್ನೊಬ್ಬ ಬ್ರಿಟಿಷ್ ಅಧಿಕಾರಿಯ ಪಾಲಾಯಿತು. ಆ ಕೊರಗನ್ನು ಟೇಲರ್ ಆತ್ಮಕಥೆಯಲ್ಲೂ ಬರೆದಿದ್ದಾನೆ.

ಈಗ ಹಿಂಗೋಲಿಗೆ ಬನ್ನಿ! ಇಂದಿನ ಮಹಾರಾಷ್ಟ್ರದ ಊರು, ಅಂದು ನಿಜಾಮನ ದಂಡು ಬಿಟ್ಟಿದ್ದ ಜಾಗ. ಅಲ್ಲಿ ಹರಿಸಿಂಗ್ ಎಂಬ ವ್ಯಾಪಾರಿ. ಮರ್ಯಾದಸ್ಥ! ಟೇಲರನೂ ಅವನೊಡನೆ ಎಷ್ಟೋ ಸಲ ಕೊಡುಕೊಳ್ಳುವಿಕೆ ನಡೆಸಿದ್ದ. ಮುಂಬೈಯಿಂದ ಬಟ್ಟೆ ತರಲು ಈ ಹರಿಸಿಂಗ್ ರಹದಾರಿ ಕೇಳಿದ. ಸಿಕ್ಕಿತು. ಬಟ್ಟೆ ಬಂತು. ದಂಡಿನಲ್ಲೇ ರಾಜಾರೋಷವಾಗಿ ಮಾರಿದ.

ಬಟ್ಟೆ ಯಾರದು? ಊಹಿಸಿ!

ದಾರಿಯಲ್ಲಿ ಬರುತ್ತಿದ್ದ ಬೇರೊಬ್ಬ ವ್ಯಾಪಾರಿಯದು! ಅವನನ್ನೂ ಆಳುಗಳನ್ನೂ ಎತ್ತು ಹೊಡೆಯುವವರನ್ನೂ ಕೊಂದು, ಸರ್ಕಾರದ ರಹದಾರಿ ತೋರಿಸಿಯೇ ಮಾಲು ತಂದಿದ್ದ!

ಇನ್ನೂ ಇದೆ. ಹರಿಸಿಂಗನ ಠಕ್ಕರ ಗುಂಪು ದಂಡಿನ ಬಜಾರಿನೊಳಗೇ ಜನರನ್ನು ಕೊಲ್ಲುತ್ತಿತ್ತು. ಮುಖ್ಯ ಪಹರೆಯಿಂದ ನೂರೇ ಗಜ! ಹೆಣ ಹೂಳುತ್ತಿದ್ದದ್ದು ಸಿಪಾಯಿಗಳು ಕಾವಲು ನಿಲ್ಲುವ ಸಾಲಿನಿಂದ ಐನೂರೇ ಗಜ! ಆ ಗುಂಡಿಗಳನ್ನು ಅಗೆದಾಗ ಟೇಲರ್ ಎದುರಿಗೇ ನಿಂತಿದ್ದ. ಒಂದೊಂದರಲ್ಲೂ ಹಲವು ಹೆಣ.

ಆಯುಧ? ಕತ್ತಿಯಲ್ಲ, ಬಂದೂಕಲ್ಲ. ಒಂದು ರುಮಾಲು! ದಿನಗಟ್ಟಲೆ ಜೊತೆಗೆ ನಡೆದು, ಉಂಡು, ನಗಿಸಿ, ನಂಬಿಸಿ, ಕೊನೆಗೆ "ತಂಬಾಕು ತನ್ನಿ" ಎಂಬ ಮಾತು. ಅದೇ ಸನ್ನೆ!

ಮುಂದೆ ಸಿಕ್ಕಿಬಿದ್ದ ಠಕ್ಕರು ಮಾಫಿ ಸಾಕ್ಷಿಗಳಾದರು. ಟೇಲರ್ ದಿನದಿನವೂ ಅವರ ಹೇಳಿಕೆ ಬರೆದುಕೊಂಡ. ಕ್ಯಾಮೆರಾ ಇಲ್ಲದ ಕಾಲದ ಸಾಕ್ಷ್ಯಚಿತ್ರ ಅಂದರೆ ಇದೇ! 1839ರಲ್ಲಿ ಅದೆಲ್ಲ 'ಕನ್ಫೆಷನ್ಸ್ ಆಫ್ ಎ ಥಗ್' ಎಂಬ ಕಾದಂಬರಿಯಾಯಿತು. ಕಥೆ ಹೇಳುವವನು ಕೊಲೆಗಾರನೇ! ಪುಸ್ತಕ ಹೊರಬರುವ ತನಕ ಕಾಯಲಾರದೆ ವಿಕ್ಟೋರಿಯಾ ರಾಣಿ ಅಚ್ಚಿನ ಹಾಳೆಗಳನ್ನೇ ತರಿಸಿಕೊಂಡಳಂತೆ!

ಈಗ ಆ ಸಂಖ್ಯೆ. ಆ ಪುಸ್ತಕದಲ್ಲಿ ಕಥೆ ಹೇಳುವ ಠಕ್ಕ ಅಮೀರ್ ಅಲಿ ಒಪ್ಪಿಕೊಂಡ ಲೆಕ್ಕ 719! ಮಾಫಿ ಸಾಕ್ಷಿಯಾದವನಿಗೆ ನೇಣು ತಪ್ಪುತ್ತಿತ್ತು. ಹಾಗಾಗಿ ಇಂಥ ಬಾಯಿಮಾತಿನ ಲೆಕ್ಕವನ್ನು ಇತಿಹಾಸಕಾರರು ಪೂರ್ತಿ ನಂಬುವುದಿಲ್ಲ. ಸರಿ, ಅರ್ಧಕ್ಕಿಳಿಸಿ. ಆಗಲೂ ಎದೆ ಝಲ್ಲೆನ್ನುವುದಿಲ್ಲವೇ? ಅವನ ಹಳಹಳಿ ಏನು ಗೊತ್ತೇ? ಹನ್ನೆರಡು ವರ್ಷ ಜೈಲಿನಲ್ಲಿ ಕಳೆಯದಿದ್ದರೆ ಸಾವಿರ ಮುಟ್ಟುತ್ತಿತ್ತು ಎಂದು!

1860ರಲ್ಲಿ ಟೇಲರ್ ನಿವೃತ್ತನಾದ. ಆಮೇಲೆ ಕೈ ಹಾಕಿದ್ದು ಯಾವುದಕ್ಕೆ? ನಮ್ಮ ಗುಡಿಗಳಿಗೆ! 1866ರಲ್ಲಿ ಧಾರವಾಡ, ಮೈಸೂರು ಸೀಮೆಯ ವಾಸ್ತುಶಿಲ್ಪದ ದೊಡ್ಡ ಫೋಟೋ ಗ್ರಂಥ ಬಂತು. ಗದಗಿನ ಗುಡಿಗಳೂ ಅದರಲ್ಲಿವೆ. ವಾಸ್ತುವಿನ ಟಿಪ್ಪಣಿ ವಿದ್ವಾಂಸ ಫರ್ಗುಸನ್‌ನದು. ಇತಿಹಾಸ ಬರೆದವನು? ಹರಿಸಿಂಗನ ಗಿರಾಕಿಯಾಗಿದ್ದ ಅದೇ ಟೇಲರ್!