ರಾಕೆಟ್ ಅಮೆರಿಕದ್ದು, ಎಂಜಿನ್ ರಷ್ಯಾದ್ದು!

2011ರ ನವೆಂಬರ್ 26ರಂದು ಕ್ಯೂರಿಯಾಸಿಟಿ ರೋವರ್ ಮಂಗಳನ ಕಡೆ ಹೊರಟಿತು. ರೋವರ್ ನಾಸಾದ್ದು, ಉಡಾವಣೆ ಆಗಿದ್ದು ಫ್ಲೋರಿಡಾದಿಂದ, ರಾಕೆಟ್ ಅಟ್ಲಾಸ್ 5. ಆದರೆ ಆ ರಾಕೆಟ್‌ನ ಬುಡದಲ್ಲಿ ಉರಿಯುತ್ತಿದ್ದ ಎಂಜಿನ್ ತಯಾರಾಗಿದ್ದು ಮಾಸ್ಕೋ ಪಕ್ಕದ ಖಿಮ್ಕಿ ಅನ್ನೋ ಊರಿನಲ್ಲಿ! ಪ್ಲೂಟೋ ಪಕ್ಕ ಹಾದುಹೋದ ನ್ಯೂ ಹೊರೈಜನ್ಸ್ ನೌಕೆಯನ್ನು ನೆಲದಿಂದ ಎತ್ತಿದ್ದೂ ಇದೇ ಎಂಜಿನ್. ಇನ್ನೂ ತಮಾಷೆ ಅಂದ್ರೆ, ಅಮೆರಿಕದ ಬೇಹುಗಾರಿಕೆ ಉಪಗ್ರಹಗಳೂ ಈ ರಷ್ಯನ್ ಎಂಜಿನ್ ನಂಬಿಕೊಂಡೇ ಮೇಲೆ ಹೋದವು.

ಚಂದ್ರನ ಮೇಲೆ ಮನುಷ್ಯನನ್ನು ಇಳಿಸಿದ ದೇಶಕ್ಕೆ ಒಂದು ಎಂಜಿನ್ ಮಾಡೋಕೆ ಬರ್ತಿರಲಿಲ್ವಾ? ನಮಗೂ ಮೊದಲು ಬಂದ ಪ್ರಶ್ನೆ ಇದೇ. ಸ್ವಲ್ಪ ಬಿಡಿಸಿ ನೋಡೋಣ ಬನ್ನಿ.

ಅಂಥದ್ದೇನಿದೆ ಆ ಎಂಜಿನ್‌ನಲ್ಲಿ?

ಎಂಜಿನ್‌ನ ಹೆಸರು ಆರ್‌ಡಿ-180. ತಯಾರಕರು ಎನ್‌ಪಿಒ ಎನರ್ಗೋಮಾಶ್. ಸೀಮೆಎಣ್ಣೆ ಮತ್ತು ದ್ರವ ಆಮ್ಲಜನಕ ಬಳಸಿ ನೆಲಮಟ್ಟದಲ್ಲಿ ಸುಮಾರು 3,830 ಕಿಲೋನ್ಯೂಟನ್ ನೂಕುಬಲ ಕೊಡುತ್ತದೆ. ಇದಕ್ಕಾಗಿ ಸೆಕೆಂಡಿಗೆ ಸುಮಾರು 1,250 ಕೆ.ಜಿ. ದ್ರವವನ್ನು ದಹನಕೋಣೆಗೆ ತಳ್ಳಬೇಕು. ತಳ್ಳೋಕೆ ಪಂಪ್ ಬೇಕು, ಪಂಪ್ ತಿರುಗೋಕೆ ಟರ್ಬೈನ್ ಬೇಕು, ಟರ್ಬೈನ್ ತಿರುಗಿಸೋಕೆ ಬಿಸಿ ಅನಿಲ ಬೇಕು. ಆ ಅನಿಲ ಎಲ್ಲಿಂದ ತರೋದು ಅನ್ನೋದರಲ್ಲೇ ಇಡೀ ಕಥೆ ಇದೆ.

ಸುಲಭದ ದಾರಿ ಹೀಗೆ: ಇಂಧನ ಮತ್ತು ಆಮ್ಲಜನಕದ ಸ್ವಲ್ಪ ಭಾಗವನ್ನು ಬೇರೆ ಕಡೆ ಉರಿಸಿ, ಆ ಅನಿಲದಿಂದ ಟರ್ಬೈನ್ ತಿರುಗಿಸಿ, ಆಮೇಲೆ ಹೊರಗೆ ಬಿಟ್ಟುಬಿಡೋದು. ಸ್ಯಾಟರ್ನ್ 5ರ ಎಫ್-1 ಎಂಜಿನ್ ಮಾಡಿದ್ದು ಇದನ್ನೇ. ಆದರೆ ಹಾಗೆ ಬಿಟ್ಟ ಅನಿಲದಿಂದ ಸಿಗುವ ನೂಕುಬಲ ತೀರಾ ಕಡಿಮೆ, ಅಷ್ಟು ಇಂಧನ ನಷ್ಟ.

ಸೋವಿಯತ್ ಎಂಜಿನಿಯರುಗಳು ಆ ಅನಿಲವನ್ನು ಬಿಡದೆ ಮುಖ್ಯ ದಹನಕೋಣೆಗೇ ಕಳಿಸಿದರು. ಇಲ್ಲೊಂದು ತೊಡಕು. ಸೀಮೆಎಣ್ಣೆ ಜಾಸ್ತಿ ಇಟ್ಟು ಉರಿಸಿದರೆ ಮಸಿ ಕಟ್ಟುತ್ತದೆ, ಟರ್ಬೈನ್, ಕೊಳವೆ ಎಲ್ಲಾ ಹಾಳು. ಅದಕ್ಕೆ ಅವರು ಉಲ್ಟಾ ಮಾಡಿದರು: ಆಮ್ಲಜನಕವನ್ನೆಲ್ಲಾ ಹಾಯಿಸಿ, ಅದರಲ್ಲಿ ಸ್ವಲ್ಪವೇ ಸೀಮೆಎಣ್ಣೆ ಉರಿಸಿದರು. ಮಸಿ ತಪ್ಪಿತು, ಆದರೆ ಅದಕ್ಕಿಂತ ದೊಡ್ಡ ಭೂತ ಎದ್ದು ನಿಂತಿತು. ಭಾರೀ ಒತ್ತಡದಲ್ಲಿರುವ ಬಿಸಿ ಆಮ್ಲಜನಕ ಸಿಕ್ಕರೆ ಉಕ್ಕೂ ಸೌದೆಯ ಹಾಗೆ ಉರಿಯುತ್ತೆ! ಅವರು ವಿಶೇಷ ಮಿಶ್ರಲೋಹಗಳನ್ನು, ಲೋಹಕ್ಕೆ ಬಳಿಯುವ ರಕ್ಷಣಾ ಲೇಪನಗಳನ್ನು ವರ್ಷಗಟ್ಟಲೆ ಪ್ರಯೋಗ ಮಾಡಿ ಕಂಡುಕೊಂಡರು. ಎಷ್ಟೋ ಎಂಜಿನ್‌ಗಳು ಪರೀಕ್ಷಾ ಕಟ್ಟೆಯಲ್ಲೇ ಸುಟ್ಟವು. ಅಮೆರಿಕ ಈ ದಾರಿ ಆಗಿಬರಲ್ಲ ಅಂತ ಕೈಬಿಟ್ಟಿತ್ತು.

ಫಲ ಏನು? ಮನೆ ಕುಕ್ಕರ್ ಸೀಟಿ ಹೊಡೆಯುವಾಗ ಒಳಗಿನ ಒತ್ತಡ ಸುಮಾರು 2 ವಾಯುಮಂಡಲ. ಎಫ್-1ರ ದಹನಕೋಣೆಯಲ್ಲಿ 70ರ ಆಸುಪಾಸು. ಆರ್‌ಡಿ-180ರಲ್ಲಿ 260ಕ್ಕೂ ಮೇಲೆ. ಎಂಜಿನ್‌ನ 'ಮೈಲೇಜ್' ಅನ್ನಬಹುದಾದ ಸ್ಪೆಸಿಫಿಕ್ ಇಂಪಲ್ಸ್ ನೆಲಮಟ್ಟದಲ್ಲಿ ಎಫ್-1ಕ್ಕೆ 263 ಸೆಕೆಂಡ್, ಇದಕ್ಕೆ 311.

ಅಗ್ಗ, ಒಳ್ಳೇದು, ಮತ್ತೇನು ಬೇಕು?

1991ರಲ್ಲಿ ಸೋವಿಯತ್ ಒಕ್ಕೂಟ ಒಡೆಯಿತು. ಅಲ್ಲಿನ ರಾಕೆಟ್ ಕಾರ್ಖಾನೆಗಳಿಗೆ ಕೆಲಸವಿಲ್ಲ, ದುಡ್ಡಿಲ್ಲ. ಆ ತಜ್ಞರು ಕ್ಷಿಪಣಿ ಮಾಡಲು ಬೇರೆ ದೇಶಗಳಿಗೆ ಹೋದರೆ ಅನ್ನೋ ಭಯ ಅಮೆರಿಕಕ್ಕೆ. ಅವರಿಂದ ಎಂಜಿನ್ ಕೊಂಡರೆ ಭಯವೂ ಕಮ್ಮಿ, ಒಳ್ಳೆ ಮಾಲೂ ಸಿಕ್ತು. 1996ರಲ್ಲಿ ಲಾಕ್‌ಹೀಡ್ ಮಾರ್ಟಿನ್ ಈ ಎಂಜಿನ್ ಆರಿಸಿಕೊಂಡಿತು. 101 ಎಂಜಿನ್‌ಗೆ ಸುಮಾರು 100 ಕೋಟಿ ಡಾಲರ್ ಒಪ್ಪಂದ. 2002ರ ಆಗಸ್ಟ್ 21ರಂದು ಅಟ್ಲಾಸ್ 5 ಮೊದಲ ಬಾರಿ ಹಾರಿತು.

ಸೇನೆಯ ಉಡಾವಣೆಗೆ ಬಳಸುವುದಾದರೆ ಮುಂದೆ ಎಂಜಿನ್ ಅಮೆರಿಕದಲ್ಲೇ ತಯಾರಾಗಬೇಕು ಅನ್ನೋ ಷರತ್ತೂ ಇತ್ತು. ಪರವಾನಗಿ ಬಂತು, ಡ್ರಾಯಿಂಗ್‌ಗಳೂ ಬಂದವು. ಆದರೆ ತಯಾರಿಕೆ 'ಮುಂದಿನ ವರ್ಷ, ಮುಂದಿನ ವರ್ಷ' ಅಂತ ತಳ್ಳಿಕೊಂಡೇ ಹೋಯಿತು. ಕೊಳ್ಳೋದೇ ಅಗ್ಗ ಇರುವಾಗ ಮಾಡೋ ತಲೆನೋವು ಯಾರಿಗೆ ಬೇಕು? ಕಡೆಗೆ ಒಂದೂ ಅಲ್ಲಿ ತಯಾರಾಗಲಿಲ್ಲ.

2014ರ ಮಾರ್ಚ್‌ನಲ್ಲಿ ರಷ್ಯಾ ಕ್ರಿಮಿಯಾವನ್ನು ವಶಪಡಿಸಿಕೊಂಡಿತು. ಅಮೆರಿಕ ನಿರ್ಬಂಧ ಹೇರಿತು. ಮೇ ತಿಂಗಳಲ್ಲಿ ರಷ್ಯಾದ ಉಪಪ್ರಧಾನಿ ದಿಮಿತ್ರಿ ರೊಗೊಜಿನ್, ಸೇನಾ ಉಡಾವಣೆಗೆ ನಮ್ಮ ಎಂಜಿನ್ ಕೊಡಲ್ಲ ಅಂದುಬಿಟ್ಟರು. ಅತ್ತ ಅಮೆರಿಕದ ಸಂಸತ್ತೂ ಖರೀದಿಗೆ ಕಡಿವಾಣ ಹಾಕಿತು, ಆದರೆ ಬದಲಿ ಇಲ್ಲದ ಕಾರಣ ಆಮೇಲೆ ಇನ್ನೂ 18 ಎಂಜಿನ್‌ಗಳಿಗೆ ಅವಕಾಶ ಕೊಡಬೇಕಾಯಿತು. ಬೈಯೋದೂ ಅವರನ್ನೇ, ಕೊಳ್ಳೋದೂ ಅವರ ಹತ್ತಿರವೇ!

ಡ್ರಾಯಿಂಗ್ ಇದ್ರೆ ಸಾಕಾ?

ಡ್ರಾಯಿಂಗ್ ಇತ್ತಲ್ಲ, ಮಾಡಿಕೊಳ್ಳಬಹುದಿತ್ತಲ್ಲ ಅಂತ ನಿಮಗನ್ನಿಸಬಹುದು. ಇಲ್ಲಿ ನಮ್ಮದೇ ಒಂದು ಸಣ್ಣ ಕಥೆ. ಕಳೆದ ವರ್ಷದ ಫೆಸ್ಟ್‌ಗೆ ನಾವು ನಾಲ್ಕು ಜನ ಸೇರಿ ಒಂದು ರೋಬೋ ಮಾಡಿದ್ವಿ. ಮೋಟಾರ್ ಡ್ರೈವರ್ ಬೋರ್ಡ್ ಅಂಗಡಿಯಿಂದ ತಂದಿದ್ದು. ಹಿಂದಿನ ರಾತ್ರಿ ಅದು ಸುಟ್ಟುಹೋಯಿತು. ಸರ್ಕ್ಯೂಟ್ ಡಯಾಗ್ರಾಂ ಕೈಯಲ್ಲೇ ಇತ್ತು, ಬಿಡಿಭಾಗಗಳು ಲ್ಯಾಬಿನಲ್ಲಿದ್ದವು. ಕೂತು ಬೆಸುಗೆ ಹಾಕಿದ್ವಿ. ಹತ್ತು ನಿಮಿಷಕ್ಕೆ ಮುಟ್ಟೋಕಾಗದಷ್ಟು ಬಿಸಿ. ಗ್ರೌಂಡ್ ತಂತಿ ಎಲ್ಲಿ ಸೇರಿಸಬೇಕು, ಎಷ್ಟು ದಪ್ಪದ್ದು ಬೇಕು ಅಂತ ಬೆಳಿಗ್ಗೆ ಒಬ್ಬ ಸೀನಿಯರ್ ಅಣ್ಣ ತೋರಿಸಿಕೊಟ್ಟರು. ಅದು ಡಯಾಗ್ರಾಂನಲ್ಲಿ ಇರಲೇ ಇಲ್ಲ. ಅಷ್ಟರಲ್ಲಿ ನಮ್ಮ ಸರದಿ ಮುಗಿದಿತ್ತು.

ನಮ್ಮ ಪುಟ್ಟ ಬೋರ್ಡಿನ ಗತಿಯೇ ಹೀಗಾದರೆ, 260 ವಾಯುಮಂಡಲದ ಎಂಜಿನ್ ಕಥೆ ಕೇಳಬೇಕಾ? ಲೇಪನ ಹೇಗೆ ಬಳಿಯಬೇಕು, ಯಾವ ಕವಾಟ ಯಾವ ಕ್ಷಣಕ್ಕೆ ತೆರೆಯಬೇಕು, ಎಲ್ಲಿ ಒಂದು ಲೋಹದ ಚೂರು ಉಳಿದರೆ ಬೆಂಕಿ ಹತ್ತುತ್ತೆ: ಇದೆಲ್ಲಾ ಕೆಲಸ ಮಾಡಿ, ಸುಟ್ಟುಕೊಂಡು ಕಲಿತವರ ಕೈಯಲ್ಲಿರುತ್ತೆ. ದುಡ್ಡು ಕೊಟ್ಟರೆ ಎಂಜಿನ್ ಬರುತ್ತೆ, ಆ ಕೈ ಬರಲ್ಲ.

ಹಾಗಾಗಿ ಅಮೆರಿಕ ಹೊಸದಾಗಿಯೇ ಶುರು ಮಾಡಬೇಕಾಯಿತು. ಬ್ಲೂ ಒರಿಜಿನ್‌ನ ಬಿಇ-4 ಎಂಜಿನ್ ಬಳಸುವ ಯೋಜನೆ 2014ರಲ್ಲೇ ಪ್ರಕಟವಾಯಿತು. ಅದೂ ಆಮ್ಲಜನಕ ಹೆಚ್ಚಿರುವ ಅದೇ ವಿಧಾನದ್ದು, ಇಂಧನ ಮಾತ್ರ ಮೀಥೇನ್. ಅದನ್ನು ಹೊತ್ತ ವಲ್ಕನ್ ರಾಕೆಟ್ ಹಾರಿದ್ದು 2024ರ ಜನವರಿ 8ರಂದು. ಹತ್ತು ವರ್ಷ! ನಡುವೆ 2022ರ ಮಾರ್ಚ್‌ನಲ್ಲಿ, ಯುಕ್ರೇನ್ ಯುದ್ಧದ ಹೊತ್ತಿಗೆ, ರಷ್ಯಾ ಎಂಜಿನ್ ಪೂರೈಕೆ ನಿಲ್ಲಿಸಿತು. ಅಟ್ಲಾಸ್‌ಗೆ ಬೇಕಾದ ಎಂಜಿನ್‌ಗಳು ಅಷ್ಟರಲ್ಲಿ ಬಂದು ಗೋದಾಮು ಸೇರಿದ್ದರಿಂದ ಅದು ಬಚಾವಾಯಿತು. ರಷ್ಯಾದ ಎಂಜಿನ್, ಯುಕ್ರೇನಿನಲ್ಲಿ ತಯಾರಾದ ಮೊದಲ ಹಂತ ಎರಡನ್ನೂ ನಂಬಿದ್ದ ಅಂಟಾರೆಸ್ ರಾಕೆಟ್‌ನ ಆ ಮಾದರಿ 2023ರಲ್ಲಿ ಕೊನೆಯ ಬಾರಿ ಹಾರಿತು.

ನಮ್ಮ ಕಡೆ ಏನಾಯ್ತು?

ನಮ್ಮದು ಇದರ ಉಲ್ಟಾ ಕಥೆ. 1991ರಲ್ಲಿ ಇಸ್ರೋ ರಷ್ಯಾದಿಂದ ಕ್ರಯೋಜೆನಿಕ್ ಎಂಜಿನ್ ಜೊತೆಗೆ ತಂತ್ರಜ್ಞಾನವನ್ನೂ ಪಡೆಯುವ ಒಪ್ಪಂದ ಮಾಡಿಕೊಂಡಿತು. ಅಮೆರಿಕ ಅಡ್ಡಗಾಲು ಹಾಕಿತು. 1993ರಲ್ಲಿ ರಷ್ಯಾ ತಂತ್ರಜ್ಞಾನ ಕೊಡೋದಿಲ್ಲ ಅಂತ ಹಿಂದೆ ಸರಿದು, ತಯಾರಾದ ಏಳು ಹಂತಗಳನ್ನು ಮಾತ್ರ ಕೊಟ್ಟಿತು. ಏಳು ಮುಗಿದರೆ ಮುಂದೆ? 1994ರಲ್ಲಿ ನಮ್ಮದೇ ಹಂತದ ಕೆಲಸ ಶುರುವಾಯಿತು. 2010ರ ಮೊದಲ ಹಾರಾಟ ವಿಫಲ. 2014ರ ಜನವರಿ 5ರಂದು ಜಿಎಸ್‌ಎಲ್‌ವಿ-ಡಿ5 ಗೆದ್ದಿತು. ಇಪ್ಪತ್ತು ವರ್ಷ ಹಿಡಿಯಿತು ನಿಜ, ಆದರೆ ಅಮೆರಿಕ ಸಿಕ್ಕಿಹಾಕಿಕೊಂಡ ಅದೇ ವರ್ಷ ನಾವು ಬಿಡಿಸಿಕೊಂಡಿದ್ವಿ.

ಈಗ ಇಸ್ರೋ 2,000 ಕಿಲೋನ್ಯೂಟನ್‌ನ ಸೆಮಿಕ್ರಯೋ ಎಂಜಿನ್ ಮಾಡ್ತಾ ಇದೆ. ಸೀಮೆಎಣ್ಣೆ, ದ್ರವ ಆಮ್ಲಜನಕ, ಆರ್‌ಡಿ-180ರ ಅದೇ ಕಷ್ಟದ ವಿಧಾನ. 2023ರ ಜುಲೈನಲ್ಲಿ ಮಹೇಂದ್ರಗಿರಿಯಲ್ಲಿ ನಡೆದ ಪರೀಕ್ಷೆ 2 ಸೆಕೆಂಡಿಗೇ ಎಡವಿತು. 2025ರ ಮಾರ್ಚ್ 28ರಂದು, ನೂಕುಬಲದ ಕೋಣೆಯೊಂದನ್ನು ಬಿಟ್ಟು ಉಳಿದೆಲ್ಲಾ ಭಾಗಗಳನ್ನು ಜೋಡಿಸಿ ಮಾಡಿದ ಪರೀಕ್ಷೆ ಎರಡೂವರೆ ಸೆಕೆಂಡ್ ಚೆನ್ನಾಗಿ ನಡೆಯಿತು. 'ಬರೀ ಎರಡೂವರೆ ಸೆಕೆಂಡಾ?' ಅಂತ ಯಾರಾದ್ರೂ ಕೇಳಿದರೆ, ಆ ಬಿಸಿ ಆಮ್ಲಜನಕದ ಕಥೆ ಹೇಳಿ.

ಈ ವರ್ಷದ ಫೆಸ್ಟ್‌ಗೂ ನಾವು ಬೋರ್ಡ್ ಕೊಂಡೇ ತರ್ತೀವಿ, ಸುಳ್ಳು ಯಾಕೆ ಹೇಳೋಣ. ಆದರೆ ಈ ಸಲ ಪಕ್ಕದಲ್ಲಿ ನಾವೇ ಮಾಡಿದ್ದೊಂದು ಇರುತ್ತೆ. ಈವರೆಗೆ ಎರಡು ಸುಟ್ಟಿದ್ದೀವಿ.